ಬ್ರೇಕ್‌ಪಾಯಿಂಟಲ್ಲಿ ನಿಂತರೆ ಪ್ಲಗಿನ್ ಸಾಯುತ್ತಿತ್ತು

2010ರ ಜೂನ್ ಕೊನೆ. ಬ್ರೌಸರಿನೊಳಗೆ ಆಪ್ ಓಡಿಸುವ ಮೈಕ್ರೋಸಾಫ್ಟಿನ ಪ್ಲಗಿನ್ ಸಿಲ್ವರ್‌ಲೈಟ್, ಅದರಲ್ಲಿ ಬರೆದ ಒಂದು ಸ್ಟಾಕ್ ರಿಪೋರ್ಟಿನ ಆಪ್ ನನ್ನ ತಲೆಗೆ ಬಂದಿತ್ತು. ಕೋಡ್ ಬರೆಯುವ ವಿಷುಯಲ್ ಸ್ಟುಡಿಯೋದಲ್ಲಿ ಬ್ರೇಕ್‌ಪಾಯಿಂಟ್ (ಕೋಡ್ ಓಡುತ್ತಾ ಬಂದು ನಿಲ್ಲಬೇಕಾದ ಸಾಲಿನ ಗುರುತು) ಹಾಕಿ, ಫೈರ್‌ಫಾಕ್ಸಿನಲ್ಲಿ ಬಟನ್ ಒತ್ತಿದರೆ ಕೋಡ್ ಸರಿಯಾದ ಸಾಲಿಗೇ ಬಂದು ನಿಲ್ಲುತ್ತಿತ್ತು. ಎರಡು ವೇರಿಯಬಲ್ ನೋಡುವಷ್ಟರಲ್ಲಿ, ಹೀಗೆ ಕೋಡನ್ನು ನಿಲ್ಲಿಸಿ ತೋರಿಸುವ ಡೀಬಗರ್ ತಾನಾಗಿಯೇ ಕಳಚಿಕೊಳ್ಳುತ್ತಿತ್ತು. ಬ್ರೌಸರಿಗೆ ಬಂದು ನೋಡಿದರೆ ಗ್ರಿಡ್ ಇರಬೇಕಾದ ಜಾಗದಲ್ಲಿ ಅಳುಮೋರೆಯ ಲೆಗೋ ಇಟ್ಟಿಗೆ, ಕೆಳಗೆ 'ಪ್ಲಗಿನ್ ಕ್ರ್ಯಾಶ್ ಆಗಿದೆ' ಎಂಬ ಸಾಲು.

ಅರ್ಧ ದಿನ ನನ್ನ ಕೋಡನ್ನೇ ಅನುಮಾನಿಸಿದೆ. ಆಮೇಲೆ ಹೊಳೆದದ್ದು: ಬ್ರೇಕ್‌ಪಾಯಿಂಟ್ ಇಲ್ಲದೆ ಓಡಿಸಿದರೆ ಒಂದು ಸಲವೂ ಬೀಳುತ್ತಿಲ್ಲ.

ಆಗಿದ್ದಿಷ್ಟು. ಆ ತಿಂಗಳು ಬಂದ ಫೈರ್‌ಫಾಕ್ಸ್ 3.6.4ರಲ್ಲಿ ಫ್ಲ್ಯಾಶ್, ಕ್ವಿಕ್‌ಟೈಮ್, ಸಿಲ್ವರ್‌ಲೈಟ್ ಮೂರನ್ನೂ ಬ್ರೌಸರಿನಿಂದ ಹೊರಗೆ, ಪ್ಲಗಿನ್ ಕಂಟೇನರ್ ಎಂಬ ಬೇರೆ ಪ್ರೋಸೆಸ್ಸಿನಲ್ಲಿ ಕೂರಿಸಿದ್ದರು. ಪ್ಲಗಿನ್ ಬಿದ್ದರೂ ಬ್ರೌಸರ್ ಉಳಿಯಲಿ ಅಂತ. ಪ್ಲಗಿನ್ 10 ಸೆಕೆಂಡು ಉತ್ತರ ಕೊಡದಿದ್ದರೆ ಕೈಕೊಟ್ಟಿದೆ ಎಂದು ತೀರ್ಮಾನಿಸಿ ಆ ಪ್ರೋಸೆಸ್ಸನ್ನೇ ಮುಗಿಸುವುದು ನಿಯಮ. ಡೀಬಗರ್ ಹಿಡಿದು ನಿಲ್ಲಿಸಿರುವ ಪ್ಲಗಿನ್ ಉತ್ತರ ಕೊಡುವುದಾದರೂ ಹೇಗೆ? ಕೈಕೊಟ್ಟದ್ದಾಗಲಿ, ತಡೆದು ನಿಲ್ಲಿಸಿದ್ದಾಗಲಿ, ಬ್ರೌಸರಿಗೆ ಎರಡೂ ಒಂದೇ.

ಆ 10 ಸೆಕೆಂಡು ನಮಗಷ್ಟೇ ಅಲ್ಲ, ಫೇಸ್‌ಬುಕ್ಕಿನ ಬೇಸಾಯದ ಆಟ ಫಾರ್ಮ್‌ವಿಲ್ ಆಡುವವರಿಗೂ ಸಾಲಲಿಲ್ಲ. ಹಳೇ ಕಂಪ್ಯೂಟರುಗಳಲ್ಲಿ ಆಟ ಲೋಡ್ ಆಗುವ ಮೊದಲೇ ಸಾಯುತ್ತಿತ್ತು. ನಾಲ್ಕೇ ದಿನದಲ್ಲಿ 3.6.6 ಬಂತು, ಮಿತಿ 45 ಸೆಕೆಂಡಿಗೆ ಏರಿತು. ಪ್ರೋಗ್ರಾಮರುಗಳ ಗೋಳಿಗಿಂತ ಬೆಳೆ ಕೊಯ್ಯುವವರ ಗೋಳು ಬೇಗ ಮುಟ್ಟುತ್ತದೆ ಅಂತ ಆಫೀಸಿನಲ್ಲಿ ನಕ್ಕೆವು. ಆದರೆ ಒಂದು ಕಾಲ್ ಸ್ಟ್ಯಾಕ್ (ಯಾವ ಫಂಕ್ಷನ್ ಯಾವುದನ್ನು ಕರೆಯಿತು ಎಂಬ ಪಟ್ಟಿ) ಓದಲು ಕೂತರೆ 45 ಸೆಕೆಂಡು ಯಾವ ಮೂಲೆಗೆ?

ಪರಿಹಾರ ಸುಲಭ. ಅಡ್ರೆಸ್ ಬಾರಿನಲ್ಲಿ ಅಬೌಟ್ ಕಾನ್ಫಿಗ್ (ಫೈರ್‌ಫಾಕ್ಸಿನ ಒಳ ಸೆಟ್ಟಿಂಗುಗಳ ಪುಟ) ತೆರೆದು, ಪ್ಲಗಿನ್ ಟೈಮ್‌ಔಟ್ ಸೆಟ್ಟಿಂಗ್ ಹುಡುಕಿ, ಅಲ್ಲಿ -1 ಹಾಕಿದರೆ ಕಾಯುವ ಗಡಿಯಾರವೇ ನಿಂತುಹೋಗುತ್ತಿತ್ತು. ಡೀಬಗರನ್ನು ಅಟ್ಯಾಚ್ ಮಾಡುವಾಗ ಫೈರ್‌ಫಾಕ್ಸ್ ಬದಲು ಪ್ಲಗಿನ್ ಕಂಟೇನರನ್ನು ಆರಿಸಬೇಕಿತ್ತು, ಅಷ್ಟೆ. -1 ಹಾಕಿದೆ, ಕೆಲಸ ಮುಗಿಸಿದೆ, ಹಾಕಿದ್ದನ್ನು ಮರೆತೆ.

ಮೂರು ವಾರದ ನಂತರ ಟೆಸ್ಟಿಂಗಿನವರು ಬಂದರು. "ಸರ್, ದೊಡ್ಡ ಫೈಲ್ ಹಾಕಿದ್ರೆ ಪ್ಲಗಿನ್ ಹೋಗ್ತಿದೆ." ನನ್ನ ಮಷೀನಿನಲ್ಲಿ ಹಾಕಿ ತೋರಿಸಿದೆ, ನಿಧಾನ ನಿಜ, ಬೀಳಲಿಲ್ಲ. "ನಿಮ್ಮ ಮಷೀನೇ ಸರಿಯಿಲ್ಲ" ಎಂದು ಕಳಿಸಿಬಿಟ್ಟೆ. ಎರಡನೇ ಸಲ ಅವರು ತಮ್ಮ ಲ್ಯಾಪ್‌ಟಾಪನ್ನೇ ಹೊತ್ತು ತಂದರು. ಪರದೆಯನ್ನು ನಡೆಸುವ ಯುಐ ಥ್ರೆಡ್ಡಿನಲ್ಲೇ ಇಡೀ ಫೈಲನ್ನು ಅರೆಯುವ ಒಂದು ಲೂಪ್ ಬರೆದಿದ್ದೆ, ಅದು ಒಂದು ನಿಮಿಷದ ಹತ್ತಿರ ಓಡುತ್ತಿತ್ತು. ಎಲ್ಲರ ಬ್ರೌಸರೂ 45ಕ್ಕೆ ಕೊಲ್ಲುತ್ತಿತ್ತು, ನನ್ನದು ಮಾತ್ರ ಸುಮ್ಮನೆ ಕಾದು ಕೂತಿತ್ತು. ಅವರ ಮುಖ ನೋಡಲು ನಾಚಿಕೆಯಾಯಿತು.

ಅಂದಿನಿಂದ ಡೀಬಗಿಂಗಿಗೆ ಬೇರೆಯದೇ ಫೈರ್‌ಫಾಕ್ಸ್ ಪ್ರೊಫೈಲ್ ಇಟ್ಟೆ. ಥೀಮ್ ಕಡುಗೆಂಪು, ಕಣ್ಣಿಗೆ ಚುಚ್ಚುವಂಥದ್ದು. -1 ಅಲ್ಲಿ ಮಾತ್ರ. ಮೈಕ್ರೋಸಾಫ್ಟಿನ ವೆಬ್ ಸರ್ವರ್ ಐಐಎಸ್‌ನಲ್ಲೂ ಇಂಥದ್ದೇ ಕಾಟವಿದೆ: ಸೈಟನ್ನು ಓಡಿಸುವ ವರ್ಕರ್ ಪ್ರೋಸೆಸ್ 90 ಸೆಕೆಂಡಿನೊಳಗೆ 'ಇದ್ದೀಯಾ' ಎಂದು ಕೇಳುವ ಪಿಂಗಿಗೆ ಉತ್ತರಿಸದಿದ್ದರೆ ಕತೆ ಮುಗಿಯಿತು. ಅದಕ್ಕೂ ನನ್ನ ಮಷೀನಿನಲ್ಲಿ ಬೇರೆ ಆಪ್ ಪೂಲ್ (ವರ್ಕರ್ ಪ್ರೋಸೆಸ್ಸಿನ ಪ್ರತ್ಯೇಕ ಗುಂಪು) ಮಾಡಿ, ಅದರಲ್ಲಷ್ಟೇ ಪಿಂಗ್ ಆಫ್ ಮಾಡಿದೆ.

ಈಗ ಸಿಲ್ವರ್‌ಲೈಟೂ ಇಲ್ಲ, ಫ್ಲ್ಯಾಶೂ ಇಲ್ಲ. ಮೊನ್ನೆ ಟೀಮಿನ ಹುಡುಗನೊಬ್ಬ ಕ್ರೋಮ್ ಎಕ್ಸ್‌ಟೆನ್ಷನ್ ಬರೆಯುತ್ತಿದ್ದ. ಬಳಸುವವರಿಗೆ ಲಾಗಿನ್ ಮರೆತುಹೋಗುತ್ತಿದೆ, ಅವನಿಗೆ ಮಾತ್ರ ಎಲ್ಲ ಸರಿ. ಎಕ್ಸ್‌ಟೆನ್ಷನ್ನಿನ ಸರ್ವಿಸ್ ವರ್ಕರ್ (ಹಿನ್ನೆಲೆಯಲ್ಲಿ ಓಡುವ ಅದರ ಕೋಡ್) 30 ಸೆಕೆಂಡು ಕೆಲಸವಿಲ್ಲದೆ ಕೂತರೆ ಕ್ರೋಮ್ ಅದನ್ನು ನಿಲ್ಲಿಸುತ್ತದೆ, ಅದರ ಮೆಮೊರಿಯಲ್ಲಿದ್ದ ಲಾಗಿನ್ನೂ ಹೋಗುತ್ತದೆ. ಆದರೆ ಅದರ ಡೆವ್‌ಟೂಲ್ಸ್ (ಕ್ರೋಮಿನ ಡೀಬಗಿಂಗ್ ಕಿಟಕಿ) ತೆರೆದಿದ್ದರೆ ನಿಲ್ಲಿಸುವುದಿಲ್ಲ. ಇವನ ಡೆವ್‌ಟೂಲ್ಸ್ ಬೆಳಗಿನಿಂದ ಸಂಜೆವರೆಗೂ ತೆರೆದೇ ಇತ್ತು.

"ಅದನ್ನ ಮುಚ್ಚಪ್ಪಾ, ಒಂದು ಟೀ ಕುಡಿದು ಬರೋಣ" ಅಂದೆ. ವಾಪಸ್ ಬಂದು ಬಟನ್ ಒತ್ತಿದ. ಲಾಗಿನ್ ಪುಟ ಬಂತು.