ಉಹುರಾಳ ಕುರ್ಚಿ

ನಿನ್ನೆ ರಾತ್ರಿ ನಿದ್ದೆ ಬರಲಿಲ್ಲ ಅಂತ ಬಾಹ್ಯಾಕಾಶ ನೌಕೆಯ ಕಥೆ ಹೇಳುವ ಹಳೇ ಅಮೆರಿಕನ್ ಸೀರಿಯಲ್ ಸ್ಟಾರ್ ಟ್ರೆಕ್‌ನ ಒಂದು ಕಂತು ಹಾಕಿಕೊಂಡು ಕೂತೆ. ಕಥೆ ಅಷ್ಟಕ್ಕಷ್ಟೇ, ಸೆಟ್ಟಂತೂ ರಟ್ಟಿನದೇ ಇರಬೇಕು. ಆದರೆ ಕಿವಿಗೆ ಅದೇನೋ ಸಿಕ್ಕಿಸಿಕೊಂಡು ಠೀವಿಯಿಂದ ಕೂತಿದ್ದ ಉಹುರಾಳ ಮೇಲೆ, ಅಂದರೆ ಆ ಪಾತ್ರದ ನಟಿ ನಿಶೆಲ್ ನಿಕೋಲ್ಸ್ ಮೇಲೆ, ಕಣ್ಣು ನಿಂತುಬಿಡ್ತು. 1966ರ ಅಮೆರಿಕದ ಟಿವಿಯಲ್ಲಿ ಕಪ್ಪು ಹೆಣ್ಣುಮಗಳಿಗೆ ಅಧಿಕಾರಿಯ ಕುರ್ಚಿ! ಮೊದಲ ಸೀಸನ್ ಆದಮೇಲೆ ಬಿಟ್ಟು ಹೊರಟಿದ್ದರಂತೆ. ಹೋಗಬೇಡಿ ಅಂದವರು ಮಾರ್ಟಿನ್ ಲೂಥರ್ ಕಿಂಗ್. ಅಂಥವರೂ ಕೂತು ಸೀರಿಯಲ್ ನೋಡ್ತಿದ್ದರು ಅನ್ನೋದೇ ನನಗೆ ಖುಷಿ. ಮುಂದೆ 1977ರಲ್ಲಿ ಇದೇ ನಟಿ ನಾಸಾ ಪರವಾಗಿ ಊರೂರು ಸುತ್ತಿ, ಹೆಣ್ಣುಮಕ್ಕಳೂ ಕಪ್ಪುಜನರೂ ಗಗನಯಾನಕ್ಕೆ ಅರ್ಜಿ ಹಾಕಿ ಅಂತ ಕರೆದರು. 1992ರಲ್ಲಿ ಬಾಹ್ಯಾಕಾಶಕ್ಕೆ ಹೋದ ಮೊದಲ ಕಪ್ಪು ಹೆಣ್ಣುಮಗಳು ಮೇ ಜೆಮಿಸನ್ ಚಿಕ್ಕಂದಿನಲ್ಲಿ ನೋಡಿ ಬೆರಗಾಗಿದ್ದು ಈ ಉಹುರಾಳನ್ನೇ.

ಅಂದಹಾಗೆ, ನಿನ್ನೆಯ ಕಂತಿನಲ್ಲಿ ಉಹುರಾಳಿಗಿದ್ದದ್ದು ನಾಲ್ಕೇ ಮಾತು.