ಪಾಸ್‌ಪೋರ್ಟ್ ಫಾರ್ಮಲ್ಲಿ ಕೇಸ್ ಮುಚ್ಚಿಟ್ಟಿದ್ದಕ್ಕೆ

ನಮ್ಮ ಚಿಕ್ಕಪ್ಪನ ಮಗನಿಗೆ ದುಬೈಯಲ್ಲಿ ಹೋಟೆಲ್ ಕೆಲಸ ಸಿಕ್ಕಿತ್ತು, ಪಾಸ್‌ಪೋರ್ಟ್ ಒಂದು ಮಾಡಿಸ್ಬೇಕಿತ್ತು ಅಷ್ಟೇ. ಆದ್ರೆ ಮೂರು ವರ್ಷದ ಹಿಂದೆ ಬಾಣೆ ಜಾಗದ (ನಮ್ಮ ಕೊಡಗಲ್ಲಿ ಗದ್ದೆ ಜೊತೆ ಸೇರಿರೋ ಕಾಡು ಜಾಗ) ಬೇಲಿ ವಿಷಯಕ್ಕೆ ಪಕ್ಕದ ತೋಟದವ್ರ ಜೊತೆ ಹೊಡೆದಾಟ ಆಗಿ ಇವನ ಮೇಲೆ ಕೇಸಿದೆ, ಚಾರ್ಜ್‌ಶೀಟೂ ಆಗಿ ಕೋರ್ಟಿಗೆ ಅಲೀತಾ ಇದ್ದಾನೆ. ಸೈಬರಲ್ಲಿ ಫಾರ್ಮ್ ತುಂಬಿಸುವಾಗ ಕ್ರಿಮಿನಲ್ ಕೇಸ್ ಇದ್ಯಾ ಅನ್ನೋ ಕಡೆ ಬಂದಾಗ ಅಲ್ಲಿನವ್ರು "ಇದೆಲ್ಲ ಬರೆದ್ರೆ ಪಾಸ್‌ಪೋರ್ಟೇ ಬರಲ್ಲ, ಇಲ್ಲ ಅಂತ ಹಾಕಿ" ಅಂದ್ರಂತೆ, ಇವ್ನೂ ಹೂಂ ಅಂದ. ಮೈಸೂರಿಗೆ ಹೋಗಿ ಫೋಟೋ, ಬೆರಳಚ್ಚು ಎಲ್ಲ ಕೊಟ್ಟು ಬಂದ. ವೆರಿಫಿಕೇಶನ್ನಿಗೆ ಬಂದಿದ್ದು ಕೇಸು ಹಾಕಿದ್ದ ಅದೇ ಠಾಣೆಗೆ. ಇನ್ನೇನು, ರಿಪೋರ್ಟ್ ವಿರುದ್ಧ ಹೋಯ್ತು, ಯಾಕೆ ಮುಚ್ಚಿಟ್ರಿ ಅಂತ ನೋಟಿಸ್ ಬಂತು.

ಆ ನೋಟಿಸ್ ಓದಿದ ರಾತ್ರಿ ನಂಗೆ ನಿದ್ದೆ ಬರ್ಲಿಲ್ಲ. 1967ರ ಪಾಸ್‌ಪೋರ್ಟ್ ಕಾಯ್ದೆ ತೆಗೆದು ಓದಿದೆ. ಸೆಕ್ಷನ್ 12ರಲ್ಲಿ, ಪಾಸ್‌ಪೋರ್ಟ್ ಪಡೆಯೋಕೆ ಬೇಕಂತಲೇ ಸುಳ್ಳು ಹೇಳಿದ್ರೂ ಮುಖ್ಯ ವಿಷಯ ಮುಚ್ಚಿಟ್ರೂ 2 ವರ್ಷದವರೆಗೆ ಜೈಲು, ಇಲ್ಲಾ 5,000 ರೂಪಾಯಿವರೆಗೆ ದಂಡ, ಎರಡೂ ಆಗ್ಬಹುದು ಅಂತಿದೆ. ಪಾಸ್‌ಪೋರ್ಟ್ ಕೈಗೆ ಬಂದ್ಮೇಲೂ ಬಚಾವಲ್ಲ, ಮುಚ್ಚಿಟ್ಟು ಪಡೆದಿದ್ದು ಅಂತ ಗೊತ್ತಾದ್ರೆ ಸೆಕ್ಷನ್ 10ರ ಪ್ರಕಾರ ವಾಪಸ್ ತಗೋಬಹುದು, ರದ್ದೂ ಮಾಡ್ಬಹುದು. ಫಾರ್ಮ್ ಯಾರೇ ತುಂಬ್ಸಿರ್ಲಿ, ಸೈನು ನಮ್ದು ತಾನೆ, ಕೇಳೋದು ನಮ್ಮನ್ನೇ.

ನಂಗೆ ಹೊಟ್ಟೆ ಉರಿಯೋದು ಎಲ್ಲಿ ಅಂದ್ರೆ, ನಿಜ ಹೇಳಿದ್ರೂ ದಾರಿ ಇತ್ತು. ಕೋರ್ಟಲ್ಲಿ ಕೇಸ್ ನಡೀತಿದ್ರೆ ಸೆಕ್ಷನ್ 6ರಲ್ಲಿ ಪಾಸ್‌ಪೋರ್ಟ್ ಕೊಡಲ್ಲ ಅನ್ನೋದು ಹೌದು, ಆದ್ರೆ 1993ರ ಆಗಸ್ಟ್ 25ರ ಕೇಂದ್ರ ಸರ್ಕಾರದ ಅಧಿಸೂಚನೆ ಪ್ರಕಾರ ಕೇಸ್ ನಡೀತಿರೋ ಕೋರ್ಟಿಂದಲೇ ಹೊರದೇಶಕ್ಕೆ ಹೋಗೋಕೆ ಪರ್ಮಿಷನ್ ಆರ್ಡರ್ ತಂದು, ಕರೆದಾಗ ಕೋರ್ಟಿಗೆ ಬರ್ತೀನಿ ಅಂತ ಬರೆದುಕೊಟ್ರೆ ಕೊಡ್ತಾರೆ. ಕೋರ್ಟ್ ಎಷ್ಟು ಕಾಲಕ್ಕೆ ಅಂತ ಹೇಳಿದ್ಯೋ ಅಷ್ಟಕ್ಕೆ, ಏನೂ ಹೇಳದಿದ್ರೆ 1 ವರ್ಷಕ್ಕೆ. ಬರೀ ಎಫ್‌ಐಆರ್ ಆಗಿ ಕೋರ್ಟ್ ಇನ್ನೂ ಕೇಸ್ ಕೈಗೆತ್ತಿಕೊಂಡಿಲ್ಲ ಅಂದ್ರೆ ಅದು ಕೋರ್ಟಲ್ಲಿರೋ ಕೇಸ್ ಅಂತ ಲೆಕ್ಕಕ್ಕೇ ಬರಲ್ಲ ಅಂತ ಹೈಕೋರ್ಟ್‌ಗಳು ಹೇಳಿವೆ, ಅದಕ್ಕೆ ಫಾರ್ಮ್ ತುಂಬೋ ಮೊದ್ಲು ನಿಮ್ಮ ಕೇಸ್ ಯಾವ ಹಂತದಲ್ಲಿದೆ ಅಂತ ವಕೀಲರ ಹತ್ರ ಕೇಳಿ, ಸೈಬರ್‌ನವ್ರ ಹತ್ರ ಅಲ್ಲ.

ಬೇಲಿ ಜಗಳದ್ದು ರಾಜಿ ಆಗೋ ಮಾತು ನಡೀತಿತ್ತು ಪಾಪ. ಈಗ ಅದ್ರ ಮೇಲೆ ಇದೊಂದು. ನೋಟಿಸಿಗೆ ಇದ್ದಿದ್ದು ಇದ್ದ ಹಾಗೆ ಬರೆದು ಕಳ್ಸಿದ್ದೀವಿ, ತಪ್ಪಾಯ್ತು ಅಂತ ಅವನೇ ಕೈಯಾರೆ ಬರೆದ. ಪರ್ಮಿಷನ್ನಿಗೆ ವಕೀಲರು ಅರ್ಜಿ ಹಾಕಿದ್ದಾರೆ, ವಾಯಿದೆ ನಮ್ಮ ಕೈಲ್ ಮುಹೂರ್ತ ಹಬ್ಬ ಮುಗಿದ ಮೇಲಿನ ವಾರಕ್ಕೆ ಬಿದ್ದಿದೆ. ದುಬೈಯವ್ರು ಅಲ್ಲೀವರೆಗೆ ಕಾಯ್ತಾರಾ ಅಂತ ಚಿಕ್ಕಮ್ಮ ದಿನಾ ಫೋನ್ ಮಾಡಿ ಕೇಳ್ತಾರೆ.