ಗೃಹಸಾಲದ ನಿಜವಾದ ಬೆಲೆ ಉಳಿದ ಕಂತುಗಳಲ್ಲಿದೆ

ಗೃಹಸಾಲಕ್ಕೆ ಹೊರಟವರ ಕಣ್ಣು ಮೊದಲು ಬೀಳುವುದು ಬಡ್ಡಿದರದ ಮೇಲೆ, ಆಮೇಲೆ ತಿಂಗಳ ಕಂತಿನ ಮೇಲೆ. ಕಂತು ಸಂಬಳಕ್ಕೆ ಹೊಂದಿತೆಂದರೆ ಸಹಿ ಬೀಳುತ್ತದೆ. ಎಷ್ಟು ತಿಂಗಳು ಕಟ್ಟಬೇಕು ಎಂಬ ಸಂಖ್ಯೆಯನ್ನು ಹೆಚ್ಚಿನವರು ಸಾಲಪತ್ರದಲ್ಲಿ ಒಮ್ಮೆ ಓದಿ ಅಲ್ಲಿಗೇ ಬಿಡುತ್ತಾರೆ. ಸಾಲ ಒಟ್ಟು ಎಷ್ಟಕ್ಕೆ ಬೀಳುತ್ತದೆ ಎಂಬುದನ್ನು ಬಹುಪಾಲು ತೀರ್ಮಾನಿಸುವುದು ಅದೇ ಸಂಖ್ಯೆ. ಮೇಲಾಗಿ ಅದು ಸಹಿ ಹಾಕಿದ ದಿನ ಇದ್ದಂತೆಯೇ ಇರುತ್ತದೆ ಎಂಬ ಭರವಸೆಯೂ ಇಲ್ಲ.

ಲೆಕ್ಕ ಸುಲಭವಾಗಲೆಂದು ಸಾಲ 1,00,000, ಬಡ್ಡಿ ವರ್ಷಕ್ಕೆ ಶೇ. 8.5, ಬಾಕಿಯ ಮೇಲೆ ತಿಂಗಳಿಗೊಮ್ಮೆ ಬಡ್ಡಿ ಎಂದು ಇಟ್ಟುಕೊಳ್ಳೋಣ. ನಿಮ್ಮ ಸಾಲ 40 ಲಕ್ಷವಾದರೆ ಮುಂದಿನ ಎಲ್ಲ ಮೊತ್ತಗಳನ್ನೂ 40ರಿಂದ ಗುಣಿಸಿ. ತಿಂಗಳುಗಳ ಲೆಕ್ಕ ಹಾಗೆಯೇ ಇರುತ್ತದೆ.

15 ವರ್ಷಕ್ಕೆ ಕಂತು 985, ಒಟ್ಟು ಬಡ್ಡಿ ಸುಮಾರು 77,250.
20 ವರ್ಷಕ್ಕೆ ಕಂತು 868, ಒಟ್ಟು ಬಡ್ಡಿ ಸುಮಾರು 1,08,280.
30 ವರ್ಷಕ್ಕೆ ಕಂತು 769, ಒಟ್ಟು ಬಡ್ಡಿ ಸುಮಾರು 1,76,810.
40 ವರ್ಷಕ್ಕೆ ಕಂತು 733, ಒಟ್ಟು ಬಡ್ಡಿ ಸುಮಾರು 2,51,880.

ಕಂತು ಇಳಿಯುವ ವೇಗವನ್ನೂ ಬಡ್ಡಿ ಏರುವ ವೇಗವನ್ನೂ ಅಕ್ಕಪಕ್ಕ ಇಟ್ಟು ನೋಡಿ. 20ರಿಂದ 30 ವರ್ಷಕ್ಕೆ ಹೋದರೆ ತಿಂಗಳಿಗೆ ಉಳಿಯುವುದು 99, ಬಡ್ಡಿಯಲ್ಲಿ ಹೆಚ್ಚುವರಿಯಾಗಿ ಹೋಗುವುದು 68,500ಕ್ಕೂ ಮೇಲೆ. 30ರಿಂದ 40ಕ್ಕೆ ಹೋದರೆ ತಿಂಗಳಿಗೆ ಉಳಿಯುವುದು ಬರೀ 36. ಕಾರಣ ಸರಳ. ಒಂದು ಲಕ್ಷಕ್ಕೆ ಒಂದು ತಿಂಗಳ ಬಡ್ಡಿಯೇ 708. ಅವಧಿಯನ್ನು ನೂರು ವರ್ಷಕ್ಕೆ ಎಳೆದರೂ ಕಂತು ಅದಕ್ಕಿಂತ ಕೆಳಗೆ ಬರಲಾರದು. ಆದ್ದರಿಂದ ಕಂತು ಕೈಗೆಟುಕುತ್ತಿಲ್ಲ ಎಂದು 25 ವರ್ಷ ದಾಟಿ ಅವಧಿ ಹಿಗ್ಗಿಸಬೇಕಾಗಿ ಬಂದರೆ ಆ ಸಾಲದ ಮೊತ್ತವೇ ನಿಮ್ಮ ಆದಾಯಕ್ಕೆ ಹೆಚ್ಚಾಯಿತು ಎಂದು ತಿಳಿಯುವುದು ಒಳ್ಳೆಯದು.

ಬ್ಯಾಂಕು ಮೊದಲ ವರ್ಷಗಳಲ್ಲೇ ಬಡ್ಡಿಯನ್ನೆಲ್ಲ ವಸೂಲಿ ಮಾಡಿಕೊಂಡುಬಿಡುತ್ತದೆ ಎಂಬ ಮಾತು ಎಲ್ಲೆಡೆ ಕೇಳಿಬರುತ್ತದೆ. ಇದನ್ನು ಸರಿಯಾಗಿ ತಿಳಿದುಕೊಳ್ಳಬೇಕು, ಏಕೆಂದರೆ ಇದನ್ನು ನಂಬಿದವರು ಮುಂದೆ ತಪ್ಪು ನಿರ್ಧಾರ ಮಾಡುತ್ತಾರೆ. ಪ್ರತಿ ತಿಂಗಳು ನಡೆಯುವುದು ಇಷ್ಟೇ: ಆ ತಿಂಗಳ ಬಾಕಿಗೆ ಬಡ್ಡಿ ಹಾಕುತ್ತಾರೆ, ಕಂತಿನಿಂದ ಅದನ್ನು ಕಳೆಯುತ್ತಾರೆ, ಮಿಕ್ಕಿದ್ದು ಅಸಲಿಗೆ ಹೋಗುತ್ತದೆ. 20 ವರ್ಷದ ಸಾಲದ ಮೊದಲ ಕಂತು 868ರಲ್ಲಿ 708 ಬಡ್ಡಿ, 160 ಅಸಲು. ಐದು ವರ್ಷ ತಪ್ಪದೆ 52,070 ಕಟ್ಟಿದ ಮೇಲೂ ಅಸಲಿನಲ್ಲಿ ಇಳಿದಿರುವುದು 11,870 ಮಾತ್ರ. ಅಸಲು ಅರ್ಧಕ್ಕೆ ಬರುವುದು 13 ವರ್ಷ 10 ತಿಂಗಳಿಗೆ. ಬಾಕಿ ದೊಡ್ಡದಿದ್ದಾಗ ಬಡ್ಡಿಯೂ ದೊಡ್ಡದು. ಮುಂದಿನ ವರ್ಷಗಳ ಬಡ್ಡಿಯನ್ನು ಯಾರೂ ಮೊದಲೇ ಎತ್ತಿಕೊಂಡಿಲ್ಲ.

ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ಮೀರುವ ತಿಂಗಳೊಂದಿದೆ. ಶೇ. 8.5ರ ದರದಲ್ಲಿ ಅದು 20 ವರ್ಷದ ಸಾಲಕ್ಕೆ 143ನೇ ಕಂತು, 30 ವರ್ಷದ ಸಾಲಕ್ಕೆ 263ನೇ ಕಂತು. ಎರಡರಲ್ಲೂ ಆಮೇಲೆ ಉಳಿಯುವುದು 97 ಕಂತುಗಳೇ. ಅವಧಿ ಎಷ್ಟೇ ಇರಲಿ, ಅಸಲು ಬೇಗ ಕರಗುವ ಭಾಗ ಕೊನೆಯ ಎಂಟು ವರ್ಷ ಮಾತ್ರ. ಅವಧಿ ಹಿಗ್ಗಿಸಿದಾಗ ನೀವು ಸೇರಿಸುತ್ತಿರುವುದೆಲ್ಲ ಬಡ್ಡಿಯೇ ಮೇಲುಗೈಯಾಗಿರುವ ವರ್ಷಗಳನ್ನು.

ಇನ್ನು ಅತಿ ಹೆಚ್ಚು ಹಣ ಸದ್ದಿಲ್ಲದೆ ಸೋರಿಹೋಗುವ ಜಾಗಕ್ಕೆ ಬರೋಣ: ಫ್ಲೋಟಿಂಗ್ ದರ, ಅಂದರೆ ಸಾಲದ ನಡುವೆಯೇ ಏರಿಳಿಯುವ ಬಡ್ಡಿದರ. ದರ ಏರಿದಾಗ ಕಂತು ಏರಿಸಬಹುದು, ಇಲ್ಲವೇ ಕಂತನ್ನು ಹಾಗೆಯೇ ಇಟ್ಟು ಅವಧಿ ಉದ್ದ ಮಾಡಬಹುದು. ಎರಡನೆಯದರಲ್ಲಿ ತಿಂಗಳ ಖರ್ಚು ಬದಲಾಗುವುದಿಲ್ಲವಾದ್ದರಿಂದ ಸಾಲಗಾರರಿಗೆ ಏನೂ ಆದಂತೆ ಅನಿಸುವುದೇ ಇಲ್ಲ. 20 ವರ್ಷದ ನಮ್ಮ ಸಾಲದಲ್ಲಿ ಎರಡು ವರ್ಷ ಕಳೆದಿದೆ, ಬಾಕಿ 95,844, ಉಳಿದದ್ದು 216 ಕಂತು ಎನ್ನಿ. ದರ ಶೇ. 9.5 ಆಯಿತು. ಕಂತು 868ರಲ್ಲೇ ಇದ್ದರೆ ಉಳಿದ ಕಂತು 263 ಆಗುತ್ತದೆ. ದರದಲ್ಲಿ ಒಂದು ಅಂಶ ಏರಿದ್ದಕ್ಕೆ 47 ತಿಂಗಳು ಹೆಚ್ಚು, ಅಂದರೆ ಸುಮಾರು 40,800 ಹೆಚ್ಚುವರಿ ಪಾವತಿ. ಅದರ ಬದಲು ಕಂತನ್ನು 868ರಿಂದ 928ಕ್ಕೆ ಏರಿಸಿಕೊಂಡು 216 ತಿಂಗಳಲ್ಲೇ ಮುಗಿಸಿದರೆ ಹೆಚ್ಚುವರಿ ಹೊರೆ 12,930. ತಿಂಗಳಿಗೆ 60 ಕೊಡಲು ಒಪ್ಪದೆ 28,000ದಷ್ಟು ಬಿಟ್ಟುಕೊಟ್ಟಂತಾಯಿತು.

ದರ ಶೇ. 10.5ಕ್ಕೆ ಹೋದರೆ ಅದೇ ಕಂತಿಗೆ 389 ತಿಂಗಳು ಬೇಕು: 18 ವರ್ಷ ಉಳಿದಿದ್ದ ಸಾಲ 32 ವರ್ಷ ದಾಟುತ್ತದೆ. ಶೇ. 10.87ರ ಹೊತ್ತಿಗೆ ಇಡೀ ಕಂತು ಬಡ್ಡಿಗೇ ಸಾಲದು. ಅಲ್ಲಿಂದ ಮುಂದೆ ಪ್ರತಿ ತಿಂಗಳು ಕಟ್ಟುತ್ತಲೇ ಇದ್ದರೂ ಬಾಕಿ ಬೆಳೆಯುತ್ತದೆ. 30 ವರ್ಷದ ಸಾಲ ತೆಗೆದವರು ಈ ಹಂತವನ್ನು ಇನ್ನೂ ಬೇಗ ಮುಟ್ಟುತ್ತಾರೆ, ಏಕೆಂದರೆ ಅವರ ಮೊದಲ ಕಂತಿನಲ್ಲಿ ಅಸಲಿಗೆ ಹೋಗುವುದೇ 61.

ಆದ್ದರಿಂದ ದರ ಬದಲಾದ ಸಂದೇಶ ಬಂದಾಗಲೆಲ್ಲ ಉಳಿದ ಕಂತುಗಳನ್ನು ನೀವೇ ಎಣಿಸಿ. ಎಕ್ಸೆಲ್‌ನಲ್ಲೋ ಗೂಗಲ್ ಶೀಟ್ಸ್‌ನಲ್ಲೋ ಎನ್‌ಪಿಇಆರ್ (NPER) ಎಂಬ ಸೂತ್ರವಿದೆ. ವಾರ್ಷಿಕ ದರವನ್ನು 12ರಿಂದ ಭಾಗಿಸಿ ಮೊದಲು ಕೊಡಿ, ಕಂತನ್ನು ಮೈನಸ್ ಚಿಹ್ನೆಯೊಂದಿಗೆ ಎರಡನೆಯದಾಗಿ ಕೊಡಿ, ಇವತ್ತಿನ ಬಾಕಿಯನ್ನು ಮೂರನೆಯದಾಗಿ ಕೊಡಿ. ದರವನ್ನು ಬರೆಯುವಾಗ ಶೇಕಡಾ ಚಿಹ್ನೆ ಬಿಡಬೇಡಿ, 8.5 ಎಂದಷ್ಟೇ ಬರೆದರೆ ಅದು 850 ಶೇಕಡಾ ಎಂದು ಓದಿಕೊಳ್ಳುತ್ತದೆ. ಸರಿಯಾಗಿ ಬರೆದೂ ಉತ್ತರದ ಬದಲು ದೋಷದ ಸಂದೇಶ ಬಂದರೆ ಕಂತು ಬಡ್ಡಿಯನ್ನೂ ಮುಟ್ಟುತ್ತಿಲ್ಲ ಎಂದರ್ಥ, ತಡಮಾಡದೆ ಕಂತು ಏರಿಸಿ. ಸ್ಪ್ರೆಡ್‌ಶೀಟ್ ಬೇಡವೆನ್ನುವವರು ಬಾಕಿಯನ್ನು ದರದಿಂದ ಗುಣಿಸಿ 1200ರಿಂದ ಭಾಗಿಸಲಿ. ಬಂದದ್ದು ಈ ತಿಂಗಳ ಬಡ್ಡಿ. ಕಂತಿನಲ್ಲಿ ಅದನ್ನು ಕಳೆದು ಎಷ್ಟು ಉಳಿಯುತ್ತದೆ ಎಂದು ನೋಡಿದರೆ ಸಾಲ ಕರಗುತ್ತಿದೆಯೋ ನಿಂತಿದೆಯೋ ಗೊತ್ತಾಗುತ್ತದೆ.

ಮುಂಗಡವಾಗಿ ಅಸಲಿಗೆ ಕಟ್ಟುವುದರ ಲೆಕ್ಕವೂ ಇದೇ ದಾರಿಯದು. ಮೊದಲ ವರ್ಷದ ಕೊನೆಗೆ 5,000 ಹೆಚ್ಚುವರಿ ಕಟ್ಟಿದಿರಿ ಎನ್ನಿ. ಕಂತು ಹಾಗೆಯೇ ಇದ್ದರೆ 26 ತಿಂಗಳು ಕಡಿಮೆಯಾಗಿ ಬಡ್ಡಿಯಲ್ಲಿ ಸುಮಾರು 17,800 ಉಳಿಯುತ್ತದೆ. ಅದೇ 5,000 ಕಟ್ಟಿ ಅವಧಿಯನ್ನು ಹಾಗೆಯೇ ಬಿಟ್ಟು ಕಂತು ಇಳಿಸಿಕೊಂಡರೆ ಬಡ್ಡಿಯಲ್ಲಿ ಉಳಿಯುವುದು ಸುಮಾರು 5,100. ಇಷ್ಟು ದೊಡ್ಡ ಅಂತರ ಒಂದು ಅರ್ಜಿಯ ಒಂದು ಗುರುತಿನಿಂದ ಬರುತ್ತದೆ. ಹಣ ಕಟ್ಟುವಾಗ ‘ಅಸಲಿಗೆ ಜಮಾ, ಅವಧಿ ಕಡಿತ’ ಎಂದು ಬರಹದಲ್ಲಿ ಕೊಡಿ, ಮುಂದಿನ ಸ್ಟೇಟ್‌ಮೆಂಟಿನಲ್ಲಿ ಬಾಕಿ ಆ ದಿನವೇ ಇಳಿದಿದೆಯೇ ನೋಡಿ. ಕೆಲವೊಮ್ಮೆ ಆ ಹಣವನ್ನು ಮುಂದಿನ ಕಂತುಗಳಿಗೆ ಮುಂಗಡವೆಂದು ಹಿಡಿದಿಟ್ಟಿರುತ್ತಾರೆ. ಆಗ ಬಡ್ಡಿಯಲ್ಲಿ ಏನೂ ಉಳಿಯುವುದಿಲ್ಲ.

ತಡವಾಗಿ ಕಟ್ಟಿದರೆ ಪ್ರಯೋಜನವಿಲ್ಲವೇ? 12 ವರ್ಷ ಕಳೆದ ಮೇಲೆ ಅದೇ 5,000 ಕಟ್ಟಿದರೆ 11 ತಿಂಗಳು ಕಡಿಮೆಯಾಗುತ್ತದೆ, ಉಳಿತಾಯ ಸುಮಾರು 4,500. ಮೊತ್ತ ಚಿಕ್ಕದಾದದ್ದು ಹಣ ಕೆಲಸ ಮಾಡುವ ವರ್ಷಗಳು ಕಡಿಮೆಯಾದದ್ದರಿಂದ. ವರ್ಷಕ್ಕೆ ಸಿಗುವ ಲಾಭ ಆಗಲೂ ಶೇ. 8.5ರ ದರದಲ್ಲೇ ಇದೆ. ‘ಬಡ್ಡಿಯೆಲ್ಲ ಕಟ್ಟಿಯಾಗಿದೆ, ಇನ್ನೇಕೆ’ ಎಂದು ಸುಮ್ಮನಾಗುವವರು ಎಡವುವುದು ಇಲ್ಲೇ. ಹೋಲಿಸಬೇಕಾದ್ದು ಒಂದನ್ನೇ: ತೆರಿಗೆ ಕಳೆದ ಮೇಲೆ, ಅಷ್ಟೇ ಖಚಿತವಾಗಿ, ಸಾಲದ ದರಕ್ಕಿಂತ ಹೆಚ್ಚು ಬೇರೆಲ್ಲಾದರೂ ಸಿಗುತ್ತದೆಯೇ? ಸಾಲದ ಬಡ್ಡಿಗೆ ತೆರಿಗೆ ವಿನಾಯಿತಿ ಸಿಗುತ್ತಿದ್ದರೆ ಅದನ್ನೂ ಕಳೆದು ನೋಡಿ. ಆದರೆ ಆರು ತಿಂಗಳ ಖರ್ಚಿನಷ್ಟು ಹಣವನ್ನು ಕೈಯಲ್ಲಿ ಉಳಿಸಿಕೊಳ್ಳದೆ ಮುಂಗಡ ಕಟ್ಟಲು ಹೋಗಬೇಡಿ. ಸಾಲಕ್ಕೆ ಹೋದ ಹಣ ಆಪತ್ತಿನ ದಿನ ವಾಪಸ್ ಬರುವುದಿಲ್ಲ.

ಒಟ್ಟಿಗೆ ದೊಡ್ಡ ಮೊತ್ತ ಕೈಗೆ ಬರದವರಿಗೆ ಇನ್ನೊಂದು ದಾರಿ ಇದೆ, ನನ್ನ ಮಟ್ಟಿಗೆ ಅದೇ ಎಲ್ಲಕ್ಕಿಂತ ಉತ್ತಮ: ಪ್ರತಿ ವರ್ಷ ಕಂತನ್ನು ಶೇ. 5 ಏರಿಸುವುದು. 868ರಿಂದ ಶುರುವಾಗಿ ಎರಡನೇ ವರ್ಷ 911, ಮೂರನೇ ವರ್ಷ 957, ಹೀಗೆ. 20 ವರ್ಷದ ಸಾಲ 12 ವರ್ಷ 3 ತಿಂಗಳಿಗೆ ಮುಗಿಯುತ್ತದೆ, ಬಡ್ಡಿ 1,08,280ರಿಂದ ಸುಮಾರು 69,200ಕ್ಕೆ ಇಳಿಯುತ್ತದೆ. ಆದಾಯ ಅಷ್ಟೇ ಪ್ರಮಾಣದಲ್ಲಿ ಏರುತ್ತಿದ್ದರೆ ಮನೆಖರ್ಚಿಗೆ ಇದರ ಬಿಸಿ ತಟ್ಟುವುದಿಲ್ಲ.

ಕಡಿಮೆ ದರಕ್ಕೆ ಸಾಲವನ್ನು ಬೇರೆಡೆ ವರ್ಗಾಯಿಸುವಾಗ ಆಗುವ ಅನಾಹುತವೂ ಅವಧಿಯದ್ದೇ. ಐದು ವರ್ಷ ಕಳೆದಿದೆ, ಬಾಕಿ 88,127, ಉಳಿದದ್ದು 15 ವರ್ಷ. ಹಾಗೆಯೇ ಮುಂದುವರಿದರೆ ಇನ್ನು ಕಟ್ಟಬೇಕಾದ್ದು 1,56,200. ಶೇ. 8ಕ್ಕೆ, ಹೊಸದಾಗಿ 20 ವರ್ಷಕ್ಕೆ ವರ್ಗಾಯಿಸಿದರೆ ಕಂತು 737ಕ್ಕೆ ಇಳಿದು ಖುಷಿಯಾಗುತ್ತದೆ, ಒಟ್ಟು ಪಾವತಿ ಮಾತ್ರ 1,76,900ಕ್ಕೆ ಏರುತ್ತದೆ. ಅದೇ 15 ವರ್ಷಕ್ಕೇ ಕಟ್ಟುಪಾಡು ಮಾಡಿಕೊಂಡರೆ ಕಂತು 842, ಉಳಿತಾಯ ಸುಮಾರು 4,600. ಅದರಲ್ಲಿ ಹೊಸ ಸಾಲದ ಶುಲ್ಕ, ಮೌಲ್ಯಮಾಪನ, ಕಾನೂನು ಪರಿಶೀಲನೆ, ಅಡಮಾನ ನೋಂದಣಿ ಎಲ್ಲವನ್ನೂ ಕಳೆಯಬೇಕು. ಕಳೆದ ಮೇಲೆ ಏನಾದರೂ ಮಿಕ್ಕಿದರೆ ಹೋಗಿ.

ಶುಲ್ಕಗಳನ್ನು ಬಡ್ಡಿದರಕ್ಕೆ ಪರಿವರ್ತಿಸಿ ನೋಡುವುದು ವಾಸಿ. ಸಾಲದ ಶೇ. 1 ಶುಲ್ಕವಾಗಿ ಹೋದರೆ ನಿಮ್ಮ ಕೈಗೆ ಬಂದದ್ದು 99,000, ಕಟ್ಟುವುದು ಒಂದು ಲಕ್ಷದ ಕಂತು. 20 ವರ್ಷ ಇಟ್ಟುಕೊಂಡರೆ ನಿಜವಾದ ದರ ಶೇ. 8.64. ನಾಲ್ಕೇ ವರ್ಷಕ್ಕೆ ಮನೆ ಮಾರಿ ಸಾಲ ತೀರಿಸಿದರೆ ಶೇ. 8.81. ಬೇಗ ಹೊರಬರುವವರಿಗೆ ಶುಲ್ಕ ಭಾರ, ಕೊನೆಯವರೆಗೂ ಇರುವವರಿಗೆ ದರ ಭಾರ. ಸಾಲದ ಜೊತೆ ಕೊಡುವ ಜೀವವಿಮೆಯ ಕಂತನ್ನು ಸಾಲಕ್ಕೇ ಸೇರಿಸುವುದಂತೂ ದುಬಾರಿ: 2,000 ಸೇರಿಸಿದರೆ 20 ವರ್ಷದಲ್ಲಿ 4,166 ಕಟ್ಟಿರುತ್ತೀರಿ. ವಿಮೆ ಬೇಕಿದ್ದರೆ ಕೈಯಿಂದಲೇ ಕೊಟ್ಟು ಪ್ರತ್ಯೇಕವಾಗಿ ಮಾಡಿಸಿ. ಆಸ್ತಿ ತೆರಿಗೆ, ಕಟ್ಟಡದ ವಿಮೆ, ದುರಸ್ತಿ ಇವು ಸಾಲ ಮುಗಿದ ಮೇಲೂ ನಿಲ್ಲದ ಖರ್ಚುಗಳು. ಕಂತಿನ ಜೊತೆಗೇ ಇವನ್ನೂ ಹಿಡಿದು ಬಜೆಟ್ ಹಾಕಿ.

ಇಷ್ಟೆಲ್ಲ ಹೇಳಿದ ಮೇಲೆ ಮತ್ತೊಂದು ಮುಖವನ್ನೂ ಹೇಳದಿದ್ದರೆ ಅನ್ಯಾಯವಾಗುತ್ತದೆ. 20 ವರ್ಷದಾಚೆ ಕಟ್ಟುವ 868 ಇವತ್ತಿನ 868 ಅಲ್ಲ. ಬೆಲೆಗಳು ವರ್ಷಕ್ಕೆ ಶೇ. 5 ಏರಿದರೆ ಆ ಕೊನೆಯ ಕಂತಿಗೆ ಇವತ್ತಿನ ಲೆಕ್ಕದಲ್ಲಿ 327ರ ಬೆಲೆ. ಎಲ್ಲ ಕಂತುಗಳನ್ನೂ ಹೀಗೆ ಇವತ್ತಿನ ಬೆಲೆಗೆ ತಂದು ಕೂಡಿದರೆ 20 ವರ್ಷದ ಸಾಲಕ್ಕೆ 1,32,700, 30 ವರ್ಷದ್ದಕ್ಕೆ 1,45,060. ‘ಒಂದಕ್ಕೆ ಎರಡೂಮುಕ್ಕಾಲು ಪಟ್ಟು ಕಟ್ಟುತ್ತೀರಿ’ ಎಂದು ಹೆದರಿಸುವ ಜಾಹೀರಾತುಗಳು ಈ ಭಾಗವನ್ನು ಬಿಟ್ಟುಬಿಡುತ್ತವೆ. ಆದರೆ ಈ ಸಮಾಧಾನಕ್ಕೆ ಷರತ್ತುಗಳಿವೆ. ನಿಮ್ಮ ಆದಾಯವೂ ಬೆಲೆಗಳ ಜೊತೆ ಏರಬೇಕು. ದರ ಫ್ಲೋಟಿಂಗ್ ಆಗಿದ್ದರೆ ಬೆಲೆ ಏರುವ ಕಾಲದಲ್ಲಿ ಬಡ್ಡಿಯೂ ಏರುವುದು ಸಾಮಾನ್ಯ, ಆಗ ಹಣದುಬ್ಬರದ ಲಾಭದ ದೊಡ್ಡ ಪಾಲು ಬ್ಯಾಂಕಿಗೇ ಹೋಗುತ್ತದೆ. ಮತ್ತು ದುಡಿಮೆಯ ವಯಸ್ಸು ಮುಗಿದ ಮೇಲೂ ಕಂತು ಉಳಿದಿದ್ದರೆ ಹಣದುಬ್ಬರ ಯಾವ ಸಹಾಯವನ್ನೂ ಮಾಡುವುದಿಲ್ಲ. ಹೀಗಾಗಿ ಅವಧಿ ಆರಿಸುವಾಗ ನಿವೃತ್ತಿಯ ವರ್ಷದಿಂದ ಹಿಂದಕ್ಕೆ ಎಣಿಸಿ, ಅದಕ್ಕಿಂತ ಐದು ವರ್ಷವಾದರೂ ಮೊದಲು ಮುಗಿಯುವಂತೆ ಇಟ್ಟುಕೊಳ್ಳಿ. ದರ ಏರಿ ಅವಧಿ ಜಗ್ಗಿದರೂ ಸಾವರಿಸಿಕೊಳ್ಳಲು ಆ ಐದು ವರ್ಷ ಬೇಕಾಗುತ್ತದೆ.

ಸಾಲ ತೀರಿದ ದಿನ ಬಾಕಿ ಇಲ್ಲವೆಂಬ ಪ್ರಮಾಣಪತ್ರ, ಮೂಲ ಆಸ್ತಿಪತ್ರಗಳು ಮತ್ತು ಅಡಮಾನ ಬಿಡುಗಡೆಯ ದಾಖಲೆ, ಈ ಮೂರನ್ನೂ ಕೇಳಿ ಪಡೆಯಿರಿ. ಆಸ್ತಿಪತ್ರಗಳನ್ನು ಸಾಲ ಕೊಡುವಾಗ ಬರೆದುಕೊಟ್ಟ ಪಟ್ಟಿಯೊಂದಿಗೆ ಹಾಳೆ ಹಾಳೆ ಹೋಲಿಸಿ, ಆಮೇಲಷ್ಟೇ ಸ್ವೀಕೃತಿಗೆ ಸಹಿ ಹಾಕಿ. ಸರ್ಕಾರಿ ದಾಖಲೆಯಲ್ಲಿ ಅಡಮಾನ ಹಾಗೇ ಉಳಿದಿದ್ದರೆ ಮುಂದೆ ಮನೆ ಮಾರುವಾಗ ತೊಡಕಾಗುತ್ತದೆ, ಅಷ್ಟರಲ್ಲಿ ಹಳೆಯ ಕಡತ ಹುಡುಕಿಸುವುದು ಇನ್ನೂ ಕಷ್ಟ.